ಕಥೆ ತಿನ್ನುವ ಜೀವಿಗೆ ಏನು ಬಡಿಸಬೇಕು?

ಪ್ರಶ್ನೆ: ನಾನು ಸಾಗರ ತಾಲ್ಲೂಕಿನವಳು, ಪ್ರೌಢಶಾಲೆಯಲ್ಲಿ ವಿಜ್ಞಾನ ಕಲಿಸುತ್ತೇನೆ. ಎರಡು ವರ್ಷದಿಂದ ಒಂದು ಕಾದಂಬರಿ ಬರೆಯುತ್ತಿದ್ದೇನೆ. ಪೂರ್ತಿ ಕಲ್ಪನೆಯ ಲೋಕ ಅದು. ಮಂಜು ಮುಸುಕಿದ ಕಣಿವೆ, ಸುತ್ತಲಿನ ಕಾಡಿನಲ್ಲಿ ‘ಕಥಾಭಕ್ಷಕ’ ಎಂಬ ಜೀವಿಗಳು. ಅವು ರಾತ್ರಿ ಊರಿಗಿಳಿದು ಮಲಗಿದವರ ಕಥೆಗಳನ್ನು ತಿನ್ನುತ್ತವೆ. ಬೆಳಿಗ್ಗೆ ಎದ್ದವರಿಗೆ ಆ ಕಥೆ ನೆನಪಿರುವುದಿಲ್ಲ. 140 ಪುಟ ಬರೆದ ಮೇಲೆ ಗಾಡಿ ನಿಂತಿದೆ. ಓದಿದ ಗೆಳೆಯರೊಬ್ಬರು, ‘ಇದು ನಮ್ಮದಲ್ಲ, ಇಂಗ್ಲಿಷ್ ಫ್ಯಾಂಟಸಿಯಿಂದ ಬಂದದ್ದು’ ಎಂದರು. ಇನ್ನೊಬ್ಬರು, ‘ಊರಿನವರು ಕಥೆಗಳನ್ನು ಬರೆದಿಟ್ಟುಕೊಂಡರೆ ಮುಗಿಯಿತಲ್ಲ?’ ಎಂದು ಕೇಳಿದರು. ಉತ್ತರ ಹೊಳೆಯಲಿಲ್ಲ. ನನ್ನ ಅಜ್ಜಿಗೆ 84 ವರ್ಷ. ‘ಹೇಳದ ಕಥೆ ಹೊಟ್ಟೆಯಲ್ಲಿ ಕೊಳೆಯುತ್ತದೆ’ ಎನ್ನುತ್ತಿರುತ್ತಾರೆ. ಕಾದಂಬರಿ ಹುಟ್ಟಿದ್ದು ಆ ಮಾತಿನಿಂದ. ಅದಕ್ಕೆ ಏನಾದರೂ ಹಿನ್ನೆಲೆ ಇದೆಯೇ? ಅಜ್ಜಿಯ ಕಥೆಗಳನ್ನು ಬಳಸಿದರೆ ಕಳ್ಳತನವಾಗುತ್ತದೆಯೇ? ರಜೆಯ ದಿನ ಮಧ್ಯಾಹ್ನ ಮೊಬೈಲಿನಲ್ಲಿ ರೆಕಾರ್ಡ್ ಮಾಡೋಣವೆಂದರೆ, ‘ಹಗಲು ಕಥೆ ಹೇಳಬಾರದು’ ಎಂದು ಅವರು ಒಪ್ಪುವುದೇ ಇಲ್ಲ.

ಉತ್ತರ: ನಿಮ್ಮ ಪತ್ರದಲ್ಲಿ ನಾಲ್ಕೈದು ಪ್ರಶ್ನೆಗಳಿದ್ದರೂ ಗಾಡಿಯ ಚಕ್ರ ಹೂತಿರುವುದು ಒಂದೇ ಕಡೆ. ನಿಮ್ಮ ಜೀವಿ ತಿನ್ನುವುದು ಏನನ್ನು ಎಂದು ನೀವಿನ್ನೂ ತೀರ್ಮಾನಿಸಿಲ್ಲ. ‘ಕಥೆ’ ಎಂದು ಬರೆದು ಮುಂದೆ ಹೋಗಿದ್ದೀರಿ. ಅನ್ನವಾದರೆ ನಾನು ಉಂಡದ್ದು ನಿಮಗಿಲ್ಲ. ಕಥೆ ಹಾಗಲ್ಲ, ನಿಮಗೆ ಹೇಳಿದ ಮೇಲೂ ನನ್ನಲ್ಲಿ ಇರುತ್ತದೆ, ಹೇಳುವಾಗ ನಾಲ್ಕು ಮಾತು ಬೆಳೆದೂ ಇರುತ್ತದೆ. ಹಂಚಿದರೆ ಹೆಚ್ಚುವ ಪದಾರ್ಥವನ್ನು ಒಂದು ಪ್ರಾಣಿ ತಿಂದು ಮುಗಿಸುವುದಾದರೂ ಹೇಗೆ? ತಿಂದ ಮೇಲೆ ಎಲೆಯಲ್ಲಿ ಏನು ಉಳಿಯುತ್ತದೆ? ವಿಜ್ಞಾನ ಕಲಿಸುವ ನಿಮಗೆ ಈ ಜಮಾಖರ್ಚಿನ ತೊಡಕು ಎಲ್ಲೋ ಒಳಗೆ ತಿಳಿದಿದೆ. ಪೆನ್ನು ನಿಂತಿರುವುದು ಅದಕ್ಕೇ. ಮರದ ಮೇಲಿನ ಪಕ್ಷಿಯ ಬಣ್ಣ, ಕಣಿವೆಯ ಭೂಪಟ ಇವೆಲ್ಲ ಆಮೇಲೆ.

ಗೆಳೆಯರ ಮೊದಲ ಆಕ್ಷೇಪ ಅರ್ಧ ಸರಿ. ಕಥೆಯನ್ನೇ ಮೇಯುವ ಒಂದು ಜಾತಿಯ ಪ್ರಾಣಿ, ಅದಕ್ಕೊಂದು ಹೆಸರು, ಹಲ್ಲು, ಬಾಲ, ಬಲಾಬಲಗಳ ಪಟ್ಟಿ, ಇಂಥದ್ದು ಮೂವತ್ತು ವರ್ಷ ಊರೂರು ಅಲೆದು ಕೇಳಿದ ಕಥೆಗಳಲ್ಲಿ ನನಗೆ ಎದುರಾಗಿಲ್ಲ. ಆ ಪಟ್ಟಿ ಮಾಡುವ ಚಟ ಇಂದಿನ ಫ್ಯಾಂಟಸಿ ಕಾದಂಬರಿಗಳದು, ಅದಕ್ಕಿಂತ ಹೆಚ್ಚಾಗಿ ವಿಡಿಯೊ ಗೇಮ್‌ಗಳದು. ಆದರೆ ಕಥೆಗೂ ಹಸಿವಿಗೂ ಇರುವ ನಂಟು ಹೊರಗಿನಿಂದ ಬಂದದ್ದು ಎಂದರೆ ನಾನು ಒಪ್ಪುವುದಿಲ್ಲ. ಆ ನಂಟು ನಮ್ಮಲ್ಲಿ ತುಂಬ ಹಳೆಯದು, ನೀವು ಅಂದುಕೊಂಡದ್ದಕ್ಕಿಂತ ವಿಚಿತ್ರವೂ ಹೌದು.

ಎ.ಕೆ. ರಾಮಾನುಜನ್ ಸಂಗ್ರಹಿಸಿದ ಒಂದು ಕನ್ನಡ ಜನಪದ ಕಥೆ ಹೀಗಿದೆ. ಒಬ್ಬ ಗೃಹಿಣಿಗೆ ಒಂದು ಕಥೆ, ಒಂದು ಹಾಡು ಗೊತ್ತಿತ್ತು. ಅವಳು ಅದನ್ನು ಯಾರಿಗೂ ಹೇಳಲಿಲ್ಲ, ಇದನ್ನು ಯಾರೆದುರೂ ಹಾಡಲಿಲ್ಲ. ಒಳಗೇ ಸಿಕ್ಕಿಕೊಂಡ ಅವಕ್ಕೆ ಉಸಿರು ಕಟ್ಟಿತು. ಒಂದು ದಿನ ಅವಳು ಬಾಯಿ ತೆರೆದು ಮಲಗಿದ್ದಾಗ ಕಥೆ ಹೊರಬಿದ್ದು ಕಾಲಿಗೆ ಮೆಟ್ಟುವ ಒಂದು ಜೊತೆ ಜೋಡಾಗಿ ಬಾಗಿಲ ಬಳಿ ಕುಳಿತಿತು; ಹಾಡು ಗಂಡಸಿನ ಕೋಟಾಗಿ ಗೂಟಕ್ಕೆ ನೇತುಬಿತ್ತು. ಮನೆಗೆ ಬಂದ ಗಂಡ ಅವನ್ನು ನೋಡಿ ಯಾರು ಬಂದಿದ್ದಾರೆ ಎಂದು ಕೇಳಿದ. ಯಾರೂ ಇಲ್ಲ ಎಂದಳು. ಅವನು ನಂಬಲಿಲ್ಲ. ಜಗಳವಾಡಿ, ಕಂಬಳಿ ಎತ್ತಿಕೊಂಡು ಹನುಮಂತನ ಗುಡಿಗೆ ಹೋಗಿ ಮಲಗಿದ. ಊರಿನ ದೀಪಗಳನ್ನು ಆರಿಸಿದ ಮೇಲೆ ಅವುಗಳ ಕುಡಿಗಳೆಲ್ಲ ಆ ಗುಡಿಗೆ ಬಂದು ರಾತ್ರಿಯಿಡೀ ಹರಟುವುದು ವಾಡಿಕೆ. ಆ ದಿನ ಒಂದು ಕುಡಿ ತಡವಾಗಿ ಬಂತು. ಉಳಿದವು ಕಾರಣ ಕೇಳಿದಾಗ ತನ್ನ ಮನೆಯ ಗಂಡ ಹೆಂಡಿರ ಜಗಳವನ್ನೂ ಜೋಡು, ಕೋಟುಗಳ ಗುಟ್ಟನ್ನೂ ಹೇಳಿತು. ಮಲಗಿದ್ದ ಗಂಡನ ಸಂಶಯ ಹರಿಯಿತು. ಬೆಳಿಗ್ಗೆ ಮನೆಗೆ ಹೋಗಿ, ‘ನಿನ್ನ ಆ ಕಥೆ ಯಾವುದು, ಹಾಡು ಯಾವುದು?’ ಎಂದ. ‘ಯಾವ ಕಥೆ? ಯಾವ ಹಾಡು?’ ಎಂದಳು ಅವಳು. ಎರಡೂ ಮರೆತುಹೋಗಿದ್ದವು.

ರಾತ್ರಿ, ಮಲಗಿದವರ ಬಾಯಿ, ಬೆಳಗಿನ ಮರೆವು. ನಿಮ್ಮ 140 ಪುಟಗಳ ಸರಕು ಇಲ್ಲಿ ಒಂದೂವರೆ ಪುಟದಲ್ಲಿದೆ. ಕಾಡಿನಿಂದ ಇಳಿದು ಬಂದು ತಿಂದವರು ಮಾತ್ರ ಇಲ್ಲ. ಕಥೆ ತಾನಾಗಿ ಎದ್ದು ಹೋಯಿತು, ಹೋಗುವಾಗ ಸಂಸಾರದಲ್ಲೊಂದು ಬೆಂಕಿ ಇಟ್ಟು ಹೋಯಿತು. ಗಿರೀಶ ಕಾರ್ನಾಡರ ‘ನಾಗಮಂಡಲ’ ನಾಟಕದ ಆರಂಭದಲ್ಲಿ ಈ ಗುಡಿಯ ದೀಪದ ಕುಡಿಗಳೇ ಬರುತ್ತವೆ. ಅಲ್ಲಿ ಕಥೆ ಹೆಣ್ಣಿನ ರೂಪದಲ್ಲಿ ಬಂದು, ಕೇಳಿದ ಮೇಲೆ ಇನ್ನೊಬ್ಬರಿಗೆ ದಾಟಿಸಲೇಬೇಕು ಎಂದು ನಾಟಕಕಾರನಿಗೆ ಷರತ್ತು ಹಾಕುತ್ತದೆ.

ಮಧ್ಯ ಭಾರತದ ಗೊಂಡರ ಕಥೆಯಲ್ಲಿ ಈ ಸಿಟ್ಟು ಇನ್ನೂ ಜೋರು. ಮಾನವಶಾಸ್ತ್ರಜ್ಞ ವೆರಿಯರ್ ಎಲ್ವಿನ್ ಸಂಗ್ರಹಿಸಿದ್ದು. ಒಬ್ಬ ಗೊಂಡನಿಗೆ ನಾಲ್ಕು ಕಥೆ ಗೊತ್ತು, ಹೇಳಲು ಸೋಮಾರಿತನ. ಪಯಣದ ದಾರಿಯಲ್ಲಿ ಅವನು ನಿದ್ದೆ ಹೋದಾಗ ನಾಲ್ಕೂ ಹೊಟ್ಟೆಯಿಂದ ಹೊರಬಂದು ಅವನ ಮೈಮೇಲೆಯೇ ಕುಳಿತು, ಇವನನ್ನು ಕೊಂದು ಬೇರೆಯವರ ಹತ್ತಿರ ಹೋಗೋಣ ಎಂದು ಮಾತಾಡಿಕೊಳ್ಳುತ್ತವೆ. ಒಂದು ಅವನ ಊಟವನ್ನು ಸೂಜಿಗಳಾಗಿ ಮಾಡುತ್ತೇನೆ ಎನ್ನುತ್ತದೆ, ಒಂದು ಮರವಾಗಿ ಮೇಲೆ ಬೀಳುತ್ತೇನೆ ಎನ್ನುತ್ತದೆ, ಮತ್ತೊಂದು ಹಾವಾಗುತ್ತೇನೆ ಎನ್ನುತ್ತದೆ, ಕೊನೆಯದು ಹೊಳೆಯ ಅಲೆಯಾಗಿ ಕೊಚ್ಚಿಕೊಂಡು ಹೋಗುತ್ತೇನೆ ಎನ್ನುತ್ತದೆ. ಎಚ್ಚರವಿದ್ದ ಆಳು ಕೇಳಿಸಿಕೊಂಡು ಧಣಿಯನ್ನು ಉಳಿಸುತ್ತಾನೆ. ಉಳಿಸಿದ ಕಾರಣ ಹೇಳಿದ್ದಕ್ಕೆ ತಾನು ಕಲ್ಲಾಗುತ್ತಾನೆ. ಕೊರಿಯಾದಲ್ಲೂ ಇದರ ದಾಯಾದಿಯೊಂದಿದೆ. ಅಲ್ಲಿ ಹುಡುಗನೊಬ್ಬ ಕೇಳಿದ ಕಥೆಗಳನ್ನೆಲ್ಲ ಚೀಲದಲ್ಲಿ ತುಂಬಿ ಬಾಯಿ ಬಿಗಿದು ನೇತುಹಾಕಿರುತ್ತಾನೆ. ಅವು ಅವನ ಮದುವೆಯ ದಿನ ಸೇಡು ತೀರಿಸಿಕೊಳ್ಳಲು ಹೊಂಚುತ್ತವೆ. ಕಥೆಗಳನ್ನು ವರ್ಗೀಕರಿಸುವವರು ಈ ಬಗೆಯನ್ನು ಗ್ರಿಮ್ ಸಹೋದರರ ‘ನಂಬಿಗಸ್ಥ ಯೊಹಾನೆಸ್’ ಕಥೆಯ ಸಾಲಿಗೆ ಸೇರಿಸುತ್ತಾರೆ. ಜರ್ಮನಿಯ ಆ ಕಥೆಯಲ್ಲಿ ಮುಂದಿನ ಅಪಾಯಗಳನ್ನು ಮಾತಾಡಿಕೊಳ್ಳುವುದು ಮೂರು ಕಾಗೆಗಳು. ಗೊಂಡರ ಹೇಳಿಕೆಯಲ್ಲಿ ಆ ಜಾಗಕ್ಕೆ ಕಥೆಗಳೇ ಬಂದು ಕುಳಿತಿವೆ. ನಿಮ್ಮ ಗೆಳೆಯರಿಗೆ ಇದನ್ನು ಹೇಳಿ.

ಆದ್ದರಿಂದ ಅಜ್ಜಿಯ ಮಾತು ಅವರೊಬ್ಬರ ತೋಚಿಕೆಯಲ್ಲ. ಹೇಳದ ಕಥೆ ಹೊಟ್ಟೆಯಲ್ಲಿದೆ ಎಂಬುದು ಗೊಂಡರ ಕಥೆಯಲ್ಲಿ ಅಕ್ಷರಶಃ ಹಾಗೆಯೇ ಇದೆ. ಕನ್ನಡದಲ್ಲಂತೂ ಗುಟ್ಟು ಇರುವುದು ಹೊಟ್ಟೆಯಲ್ಲಿ, ‘ಹೊಟ್ಟೆಯಲ್ಲಿ ಇಟ್ಟುಕೋ’ ಎನ್ನುವುದು ಗುಟ್ಟಿಗೆ. ಹೊಟ್ಟೆಯಲ್ಲಿ ಇಟ್ಟದ್ದು ಅರಗಬೇಕು, ಇಲ್ಲವೇ ಕೊಳೆಯಬೇಕು. ಇದರ ಕೆಳಗಿರುವ ಕಾರಣ ಸರಳ. ಬರವಣಿಗೆ ಇಲ್ಲದ ಕಡೆ ಕಥೆಗೆ ಒಂದೇ ಆಯುಸ್ಸು, ಬಾಯಿಂದ ಕಿವಿಗೆ ಹೋಗುವಷ್ಟು. ಒಬ್ಬಳು ಬಾಯಿ ಮುಚ್ಚಿದರೆ ಅವಳ ಅಜ್ಜಿ, ಮುತ್ತಜ್ಜಿಯರು ದಾಟಿಸಿದ್ದೆಲ್ಲ ಅವಳಲ್ಲೇ ನಿಂತುಹೋಗುತ್ತದೆ. ಆ ಭಯಕ್ಕೆ ಜನ ಒಂದು ಮೈ, ಒಂದು ಸಿಟ್ಟು ಕೊಟ್ಟರು.

ಈಗ ನಿಜವಾಗಿ ಕಥೆ ತಿಂದ ಪ್ರಾಣಿಗಳಿಗೆ ಬರೋಣ. ಅವು ಗುಣಾಢ್ಯನ ಕಾಡಿನಲ್ಲಿವೆ. ಕಾಶ್ಮೀರದ ಸೋಮದೇವ 11ನೇ ಶತಮಾನದಲ್ಲಿ ಬರೆದ ‘ಕಥಾಸರಿತ್ಸಾಗರ’ದ ಮೊದಲ ಭಾಗದಲ್ಲಿ ಈ ಪ್ರಸಂಗ ಬರುತ್ತದೆ. ಸಾತವಾಹನ ರಾಜ ಜಲಕ್ರೀಡೆಯಲ್ಲಿ ನೀರು ಎರಚುತ್ತಿದ್ದಾಗ ರಾಣಿ ‘ಮೋದಕೈಃ’ ಎಂದಳು. ‘ಮಾ ಉದಕೈಃ’, ನೀರು ಬೇಡ ಎಂದು ಅವಳ ಅರ್ಥ. ವ್ಯಾಕರಣ ಬಾರದ ರಾಜ ಮೋದಕ ತರಿಸಿದ. ನಗೆಪಾಟಲಾಯಿತು. (ಜಗತ್ತಿನ ಅತಿ ದೊಡ್ಡ ಕಥಾಸಂಗ್ರಹವೊಂದರ ಹುಟ್ಟಿಗೆ ಒಂದು ತಟ್ಟೆ ಸಿಹಿತಿಂಡಿ ಕಾರಣ ಎಂಬುದು ನನಗೆ ಯಾವಾಗಲೂ ಖುಷಿ ಕೊಡುವ ಸಂಗತಿ.) ಸಂಸ್ಕೃತ ಕಲಿಸಲು ಆರು ವರ್ಷ ಬೇಕು ಎಂದ ಮಂತ್ರಿ ಗುಣಾಢ್ಯ, ಆರೇ ತಿಂಗಳು ಸಾಕು ಎಂದ ಇನ್ನೊಬ್ಬ ಮಂತ್ರಿ ಶರ್ವವರ್ಮ. ಪಂಥದಲ್ಲಿ ಸೋತ ಗುಣಾಢ್ಯ ಸಂಸ್ಕೃತ, ಪ್ರಾಕೃತ, ದೇಶಭಾಷೆ ಮೂರನ್ನೂ ಬಿಟ್ಟು ಕಾಡು ಸೇರಿದ. ಉಳಿದದ್ದು ಪಿಶಾಚಿಗಳ ಭಾಷೆ ಪೈಶಾಚಿ ಒಂದೇ. ಅದರಲ್ಲಿ ಏಳು ವರ್ಷ, ಏಳು ಲಕ್ಷ ಶ್ಲೋಕ, ಮಸಿ ಇಲ್ಲದ್ದರಿಂದ ತನ್ನ ರಕ್ತದಲ್ಲಿ ಬೃಹತ್ಕಥೆಯನ್ನು ಬರೆದ. ಪಿಶಾಚಿಯ ಮಾತು, ರಕ್ತದ ಅಕ್ಷರ ಎಂದು ರಾಜ ತಿರಸ್ಕರಿಸಿದ. ಗುಣಾಢ್ಯ ಬೆಟ್ಟದ ಮೇಲೆ ಬೆಂಕಿ ಹಾಕಿ, ಒಂದೊಂದೇ ಓಲೆಯನ್ನು ಗಟ್ಟಿಯಾಗಿ ಓದಿ ಬೆಂಕಿಗೆ ಎಸೆಯತೊಡಗಿದ. ಕಾಡಿನ ಮೃಗಗಳು ಮೇವು ಬಿಟ್ಟು ಬಂದು ಸುತ್ತ ನಿಂತು, ಕಣ್ಣೀರು ತುಂಬಿಕೊಂಡು ಕೇಳಿದವು.

ಇಲ್ಲಿಂದ ಮುಂದೆ ಕಥೆ ಅಡುಗೆಮನೆಗೆ ಹೋಗುತ್ತದೆ. ರಾಜನಿಗೆ ಕಾಯಿಲೆ. ವೈದ್ಯರು ಪರೀಕ್ಷಿಸಿ, ಒಣಗಿದ ಮಾಂಸ ತಿಂದದ್ದರಿಂದ ಎಂದರು. ಅಡುಗೆಯವರು ಬೇಡರ ಕಡೆ ಬೆರಳು ತೋರಿಸಿದರು. ಬೇಡರು, ಯಾರೋ ಒಬ್ಬ ಬೆಟ್ಟದಲ್ಲಿ ಓದಿ ಓದಿ ಸುಡುತ್ತಿದ್ದಾನೆ, ಪ್ರಾಣಿಗಳು ಮೇಯುತ್ತಲೇ ಇಲ್ಲ, ಅದಕ್ಕೇ ಮಾಂಸದಲ್ಲಿ ಸತ್ವವಿಲ್ಲ ಎಂದರು. ರಾಜ ಓಡಿ ಬರುವ ಹೊತ್ತಿಗೆ ಆರು ಲಕ್ಷ ಶ್ಲೋಕ ಬೂದಿಯಾಗಿ ಒಂದು ಲಕ್ಷ ಮಾತ್ರ ಉಳಿದಿತ್ತು.

ಈ ಸರಪಳಿಯನ್ನು ಒಮ್ಮೆ ಕಪ್ಪುಹಲಗೆಯ ಮೇಲೆ ಬರೆದು ನೋಡಿ, ನಿಮ್ಮ ಎಂಟನೇ ತರಗತಿಯ ಆಹಾರ ಸರಪಳಿಯ ಹಾಗೆ. ಕಥೆಯಿಂದ ಜಿಂಕೆಗೆ, ಜಿಂಕೆಯಿಂದ ರಾಜನಿಗೆ. ಕಥೆ ಕೇಳಿದ ಜಿಂಕೆ ಸಂತೋಷವಾಗಿ ಸೊರಗುತ್ತದೆ. ಕಥೆಯನ್ನು ಒಲ್ಲದ ರಾಜ ಅದೇ ಜಿಂಕೆಯ ಮೂಲಕ ಕಾಯಿಲೆ ಬೀಳುತ್ತಾನೆ. ಇಲ್ಲಿ ತಿನ್ನುವವರಿಗೆ ಸಿಗುವುದು ಏನು, ಅದರ ಬೆಲೆ ಏನು, ಆ ಬೆಲೆಯನ್ನು ಕೊನೆಗೆ ತೆರುವವರು ಯಾರು ಎಂಬ ಮೂರೂ ಸ್ಪಷ್ಟವಾಗಿವೆ. ಸಾವಿರ ವರ್ಷದ ಹಿಂದಿನ ಈ ಕಥೆಯ ನಿಯಮಗಳು ಇಂದಿನ ಬಹಳಷ್ಟು ಫ್ಯಾಂಟಸಿ ಕಾದಂಬರಿಗಳಿಗಿಂತ ಬಿಗಿಯಾಗಿವೆ ಎಂಬುದು ನನ್ನ ಅಭಿಪ್ರಾಯ. ಇದು ಕನ್ನಡ ನೆಲಕ್ಕೆ ದೂರದ ಕಥೆಯೂ ಅಲ್ಲ. ಗಂಗರ ದೊರೆ ದುರ್ವಿನೀತ ‘ವಡ್ಡಕಥೆ’ಯನ್ನು, ಅಂದರೆ ಇದೇ ಬೃಹತ್ಕಥೆಯನ್ನು, ಸಂಸ್ಕೃತಕ್ಕೆ ತಂದನೆಂದು ಗುಮ್ಮರೆಡ್ಡಿಪುರದ ತಾಮ್ರಶಾಸನ ಹೇಳುತ್ತದೆ, 11ನೇ ಶತಮಾನದ ದುರ್ಗಸಿಂಹ ತನ್ನ ಕನ್ನಡ ಪಂಚತಂತ್ರದ ಬೇರನ್ನು ಗುಣಾಢ್ಯನವರೆಗೆ ಒಯ್ಯುತ್ತಾನೆ.

ಇನ್ನೊಂದು ಉದಾಹರಣೆ ನಿಮ್ಮ ಮನೆಯಲ್ಲೇ ಇದ್ದೀತು. ರಾಮಾಯಣ ಪಾರಾಯಣಕ್ಕೆ ಕೂರುವಾಗ ಒಂದು ಮಣೆಯನ್ನು ಖಾಲಿ ಬಿಡುವುದನ್ನು ನೋಡಿರಬಹುದು. ಅದು ಹನುಮಂತನಿಗೆ. ಎಲ್ಲೆಲ್ಲಿ ರಾಮಕಥೆ ನಡೆಯುತ್ತದೋ ಅಲ್ಲಲ್ಲಿ ಕಣ್ತುಂಬ ನೀರು ತುಂಬಿಕೊಂಡು ಅವನು ಬರುತ್ತಾನೆ ಎಂಬುದು ನಂಬಿಕೆ. ರಾಮಾಯಣದ ಉತ್ತರಕಾಂಡದಲ್ಲಿ, ಲೋಕದಲ್ಲಿ ರಾಮಕಥೆ ಇರುವವರೆಗೆ ತನ್ನ ಪ್ರಾಣ ಇರಲಿ ಎಂದು ಅವನು ಕೇಳಿಕೊಳ್ಳುತ್ತಾನೆ. ಕಥೆಯಿಂದಲೇ ಬದುಕುವವನು ಎಂದರೆ ಇದಕ್ಕಿಂತ ನೇರವಾಗಿ ಹೇಳುವುದು ಕಷ್ಟ. ಅವನು ಬಂದು ಕೇಳಿ ಹೋದರೆ ಯಾರಿಗೂ ಏನೂ ಕಡಿಮೆಯಾಗುವುದಿಲ್ಲ. ದೀಪದ ಕುಡಿಗಳು ಹರಟಲು ಆಯ್ದುಕೊಂಡದ್ದು ಅವನ ಗುಡಿಯನ್ನೇ ಎಂಬುದನ್ನು ಗಮನಿಸಿ. ಆಕಸ್ಮಿಕವಿದ್ದರೂ ಇರಬಹುದು, ನನಗಂತೂ ಹಾಗೆ ಅನ್ನಿಸುವುದಿಲ್ಲ.

ಒಂದು ಎಚ್ಚರಿಕೆಯನ್ನು ಇಲ್ಲೇ ಹೇಳಿಬಿಡುತ್ತೇನೆ. ಕರಾವಳಿಯ ಭೂತಕೋಲದಲ್ಲಿ ದೈವದ ಹುಟ್ಟು, ಪ್ರಯಾಣಗಳನ್ನು ಹೇಳುವ ಪಾಡ್ದನವನ್ನು ಹಾಡುತ್ತಾರೆ. ತನ್ನ ಕಥೆ ಕೇಳಿ ಬರುವ ಶಕ್ತಿ ಎಂಬ ಕಲ್ಪನೆ ಕಾದಂಬರಿಕಾರರ ಬಾಯಲ್ಲಿ ನೀರೂರಿಸುತ್ತದೆ. ಆದರೆ ಅದು ಜನ ಇಂದೂ ಕೈಮುಗಿಯುವ ನಂಬಿಕೆ. ಅದರ ಹೆಸರು, ಅಣಿ, ನುಡಿಗಳನ್ನು ತೆಗೆದು ನಿಮ್ಮ ಕಣಿವೆಯ ಪ್ರಾಣಿಗೆ ತೊಡಿಸಬೇಡಿ. ಆ ಊರಿನವರಿಗೆ ನೋವಾಗುತ್ತದೆ. ನಿಮ್ಮ ಜೀವಿಯೂ ಬಾಡಿಗೆಯ ವೇಷದಲ್ಲಿ ನಿಂತಂತೆ ಕಾಣುತ್ತದೆ.

ಹಾಗಾದರೆ ನಿಮ್ಮ ಮುಂದಿರುವ ದಾರಿಗಳು. ಈಗ ನೀವು ಹಿಡಿದಿರುವುದು ನೆನಪನ್ನು ತಿನ್ನುವ ಜೀವಿ. ಇದು ಎಲ್ಲರಿಗೂ ಮೊದಲು ಹೊಳೆಯುವ ದಾರಿ. ನನ್ನ ಮೇಜಿನ ಮೇಲೆ ಬರುವ ಹಸ್ತಪ್ರತಿಗಳಲ್ಲಿ ಕಥೆ, ಮರೆವು, ಮಾಯೆ ಮೂರೂ ಇದ್ದರೆ ಸಾಮಾನ್ಯವಾಗಿ ಇದೇ ಇರುತ್ತದೆ. ಅಪಾಯ ಎಂದರೆ ಐವತ್ತನೇ ಪುಟದ ಹೊತ್ತಿಗೆ ಅದು ‘ನಮ್ಮ ಹಳೆಯ ಕಥೆಗಳು ಮಾಯವಾಗುತ್ತಿವೆ’ ಎಂಬ ಭಾಷಣವಾಗಿಬಿಡುತ್ತದೆ. ಪ್ರಾಣಿ ಹೋಗಿ ಟಿ.ವಿ. ಆಗುತ್ತದೆ, ಮೊಬೈಲ್ ಆಗುತ್ತದೆ. ಓದುಗರು ಅದನ್ನು ಬೇಗ ಹಿಡಿಯುತ್ತಾರೆ, ಹಿಡಿದ ಮೇಲೆ ಹೆದರುವುದಿಲ್ಲ.

ಬರೆದಿಟ್ಟುಕೊಂಡರಾಯಿತಲ್ಲ ಎಂಬ ಪ್ರಶ್ನೆ ಹುಟ್ಟುವುದೂ ಈ ದಾರಿಯಲ್ಲೇ. ಅದಕ್ಕೆ ಎರಡು ಬಗೆಯ ಉತ್ತರ ಕೊಡಬಹುದು. ಒಂದು ಅಗ್ಗದ್ದು: ಬರೆದದ್ದನ್ನೂ ತಿನ್ನಲಿ. ಗೆದ್ದಲು ನಮ್ಮ ಓಲೆಗರಿಗಳಿಗೆ ಮಾಡಿದ್ದು ಅದನ್ನೇ. ಹಳೆಯ ಹಸ್ತಪ್ರತಿಗಳ ಕೊನೆಯಲ್ಲಿ ಲಿಪಿಕಾರರು ಬರೆಯುತ್ತಿದ್ದ ಒಂದು ಶ್ಲೋಕವಿದೆ: ಎಣ್ಣೆಯಿಂದ ಕಾಪಾಡು, ನೀರಿನಿಂದ ಕಾಪಾಡು, ಸಡಿಲ ಕಟ್ಟಿನಿಂದ ಕಾಪಾಡು, ಮೂರ್ಖನ ಕೈಗೆ ಕೊಡಬೇಡ, ‘ಏವಂ ವದತಿ ಪುಸ್ತಕಂ’, ಹೀಗೆಂದು ಪುಸ್ತಕ ಹೇಳುತ್ತದೆ. ತನ್ನನ್ನು ತಿನ್ನುವವರ ಪಟ್ಟಿಯನ್ನು ಪುಸ್ತಕವೇ ಓದುತ್ತಿದೆ. ಓಲೆಗರಿಗೆ ಮಜ್ಜಿಗೆಹುಲ್ಲಿನ ಎಣ್ಣೆ ಸವರುವುದು, ಕಟ್ಟಿನ ನಡುವೆ ಬಜೆ, ಬೇವಿನ ಎಲೆ ಇಡುವುದು ಇವೆಲ್ಲ ನಿಜವಾದ ಕಾವಲು ಕ್ರಮಗಳು. ನಿಮ್ಮ ಕಣಿವೆಯ ಲೈಬ್ರರಿಗೆ ಬೇಕಾದರೆ ಎತ್ತಿಕೊಳ್ಳಿ.

ಎರಡನೆಯ ಉತ್ತರ ನನಗೆ ಇಷ್ಟವಾದದ್ದು. ಬರೆದದ್ದು ಹಾಗೇ ಉಳಿಯಲಿ, ಒಂದಕ್ಷರವೂ ಅಳಿಸದಿರಲಿ. ಬೆಳಿಗ್ಗೆ ಎದ್ದು ಓದಿದರೆ ಪಡಿತರ ಚೀಟಿ ಓದಿದಂತಾಗಲಿ. ಯಾರು ಯಾರಿಗೆ ಏನು ಮಾಡಿದರು ಎಂಬುದಷ್ಟೇ ಇದೆ. ಇದನ್ನು ಅಜ್ಜ ಯಾಕೆ ಬರೆದಿಟ್ಟ, ಇಲ್ಲಿ ಅಳುವಂಥದ್ದೇನಿತ್ತು ಎಂದು ಮೊಮ್ಮಗಳಿಗೆ ತಿಳಿಯುತ್ತಿಲ್ಲ. ಇದು ನನ್ನ ಕಲ್ಪನೆಯಲ್ಲ, ನನ್ನ ವೃತ್ತಿಯ ಪಾಡು. ನಾನೇ ಕೂತು ಬರೆದುಕೊಂಡ ನೂರಾರು ಪುಟಗಳಲ್ಲಿ ಪದಗಳೆಲ್ಲ ಇವೆ, ಆ ರಾತ್ರಿ ಎಲ್ಲರನ್ನೂ ನಗಿಸಿದ್ದು ಏನೆಂದು ಈಗ ನನಗೇ ಹೇಳಲು ಬರುವುದಿಲ್ಲ.

ಎರಡನೆಯ ದಾರಿ ಗುಣಾಢ್ಯನದು: ಜೀವಿ ತಿನ್ನುವುದು ಕೇಳುವಿಕೆಯನ್ನು. ಅದು ಕಾಡಿನಿಂದ ಬಂದು ಎಲ್ಲರ ನಡುವೆ ಕೂತು ಎಲ್ಲರಿಗಿಂತ ಚೆನ್ನಾಗಿ ಕೇಳುತ್ತದೆ. ಒಮ್ಮೆ ಅದಕ್ಕೆ ಕಥೆ ಹೇಳಿದವರಿಗೆ ಮತ್ತೆ ಮನುಷ್ಯರಿಗೆ ಹೇಳುವ ಮನಸ್ಸಾಗುವುದಿಲ್ಲ. ಗಂಡ ಆಕಳಿಸುತ್ತಾನೆ, ಮಕ್ಕಳು ನಡುವೆ ನೀರು ಕೇಳುತ್ತಾರೆ. ಅದು ಕಣ್ಣು ಮಿಟುಕಿಸುವುದಿಲ್ಲ. ಹೀಗೆ ಒಬ್ಬೊಬ್ಬರೇ ಸಂಜೆ ಕಾಡಿನ ಕಡೆ ಹೊರಡುತ್ತಾರೆ. ಹೆದರಿಕೆ ಇಲ್ಲಿ ಹಲ್ಲಿನಿಂದ ಹುಟ್ಟುವುದಿಲ್ಲ. ತೊಂದರೆ ಎಂದರೆ ಈ ದಾರಿಯಲ್ಲಿ ಕಥೆ ಹೇಳುವವನು ದೊಡ್ಡ ಮನುಷ್ಯನಾಗಿಬಿಡುತ್ತಾನೆ. ಲೇಖಕರಿಗೆ ಲೇಖಕರ ಬಗ್ಗೆ ಬರೆಯುವುದೆಂದರೆ ಎಲ್ಲಿಲ್ಲದ ಪ್ರೀತಿ, ಓದುಗರಿಗೆ ಅಷ್ಟಿಲ್ಲ. ನಿಮ್ಮ ಮುಖ್ಯ ಪಾತ್ರ ಕವಿಯಾಗದಿರಲಿ, ಹಾಲು ಅಳೆಯುವವಳಾಗಿರಲಿ.

ಕಥೆಯ ಕೊನೆಯನ್ನು ಮಾತ್ರ ತಿನ್ನುವ ಜೀವಿ ಎಂದೂ ಯೋಚಿಸಬಹುದು. ಸಣ್ಣಕಥೆಗೆ ಸಾಕು, ಕಾದಂಬರಿಗೆ ಸಾಲದು.

ನಿಮಗೆ ನಾನು ಹೇಳುವುದು ಮೂರನೆಯ ದಾರಿಯನ್ನು. ಅಜ್ಜಿಯ ಮಾತನ್ನು ಗಂಭೀರವಾಗಿ ತೆಗೆದುಕೊಳ್ಳಿ. ಹೇಳದ ಕಥೆ ಹೊಟ್ಟೆಯಲ್ಲಿ ಕೊಳೆಯುವುದಾದರೆ ಕೊಳೆತದ್ದನ್ನು ತಿನ್ನುವವರು ಯಾರಾದರೂ ಇರಲೇಬೇಕು. ಕಾಡಿನಲ್ಲಿ ಹಾಗಲ್ಲವೇ? ಹೆಣಕ್ಕೆ ರಣಹದ್ದು, ಬಿದ್ದ ಮರಕ್ಕೆ ಗೆದ್ದಲು. ನಿಮ್ಮ ಜೀವಿ ಹೇಳದೆ ಉಳಿದ ಕಥೆಗಳನ್ನು ಮಾತ್ರ ತಿನ್ನಲಿ. ಆಗ ಜಮಾಖರ್ಚು ಸರಿಹೋಗುತ್ತದೆ: ಹೇಳಿದ ಕಥೆ ಹಲವರಲ್ಲಿದೆ, ಅದನ್ನು ತಿಂದು ಮುಗಿಸಲಾಗದು, ಹೇಳದ್ದು ಒಬ್ಬರಲ್ಲೇ ಇದೆ, ತಿಂದರೆ ಅಲ್ಲಿಗೆ ಮುಗಿಯಿತು. ಬರೆದಿಡುವ ಪ್ರಶ್ನೆಯೂ ಏಳುವುದಿಲ್ಲ. ಯಾರಿಗೂ ಹೇಳಲಾಗದ್ದನ್ನು ಯಾರಾದರೂ ಬರೆದು ಗೋಡೆಗೆ ಅಂಟಿಸುತ್ತಾರೆಯೇ?

ಮೊದಮೊದಲು ಊರಿಗೆ ಇದು ಉಪಕಾರಿಯೇ ಆಗಿರಲಿ. ಜಪಾನಿನಲ್ಲಿ ಕೆಟ್ಟ ಕನಸು ತಿನ್ನುವ ‘ಬಾಕು’ ಎಂಬ ಪ್ರಾಣಿಯ ಕಲ್ಪನೆ ಇದೆ. ಜನ ಅದರ ಚಿತ್ರವನ್ನು ದಿಂಬಿನ ಬಳಿ ಇಟ್ಟುಕೊಂಡು ತಾವಾಗಿ ಕರೆಯುತ್ತಿದ್ದರು. ನಿಮ್ಮ ಊರಿನವರೂ ಹಾಗೆ ಬಾಗಿಲು ತೆರೆದು ಮಲಗಲಿ. ಹೇಳಿಕೊಳ್ಳಲಾಗದ ಸಂಕಟ ಬೆಳಿಗ್ಗೆ ಇಲ್ಲ, ಮೈ ಹಗುರ. ಆಮೇಲೆ ನಿಧಾನವಾಗಿ ಅದರ ಸ್ವಾರ್ಥ ಬಯಲಾಗಬೇಕು. ಜನ ಬಾಯಿ ಬಿಟ್ಟು ಮಾತಾಡಿದರೆ ಅದಕ್ಕೆ ಉಪವಾಸ. ಆದ್ದರಿಂದ ಊರಿನಲ್ಲಿ ನಾಚಿಕೆ ಹೆಚ್ಚಲಿ, ಅತ್ತೆ ಸೊಸೆಯರಲ್ಲಿ ಮಾತು ನಿಲ್ಲಲಿ ಎಂಬುದು ಅದರ ಬಯಕೆ. ಜೋಡು, ಕೋಟುಗಳನ್ನು ಬಾಗಿಲ ಬಳಿ ತಂದಿಡುವುದು ಅದರ ಕೆಲಸವಾಗಬಹುದು. ಕಥಾಸರಿತ್ಸಾಗರದಲ್ಲಿ ಬೇತಾಳನ ಕಥೆಗಳು ಮುಗಿದಾಗ ಒಂದು ವರ ಸಿಗುತ್ತದೆ: ಈ ಕಥೆಗಳನ್ನು ಹೇಳುವ ಕಡೆ ಯಕ್ಷ, ಬೇತಾಳ, ರಾಕ್ಷಸರ ಆಟ ನಡೆಯದು. ಗಟ್ಟಿಯಾಗಿ ಹೇಳಿದ ಕಥೆಯೇ ಕಾಪು. ನಿಮ್ಮ ಊರಿಗೂ ಅದು ಸಾಲುತ್ತದೆ. ಆದರೆ ಆ ಕಾಪು ಕೆಲಸ ಮಾಡಬೇಕಾದರೆ ಎಲ್ಲರೂ ಎಲ್ಲವನ್ನೂ ಹೇಳಬೇಕು, ಹೇಳಿದರೆ ಕೆಲವು ಮನೆ ಮುರಿಯುತ್ತವೆ. ಈ ಇಕ್ಕಟ್ಟಿನಲ್ಲಿ ಇನ್ನೂರು ಪುಟ ಸಲೀಸಾಗಿ ನಡೆಯುತ್ತದೆ.

ಅಪಾಯ ಇಲ್ಲೂ ಇದೆ. ‘ಮನಸ್ಸಿನಲ್ಲಿದ್ದುದನ್ನು ಹೇಳಿಬಿಟ್ಟರೆ ಎಲ್ಲ ಸರಿಹೋಗುತ್ತದೆ’ ಎಂಬ ಸಲಹಾ ಅಂಕಣದ ಧಾಟಿ ನುಸುಳಬಹುದು (ಅಂಕಣ ಬರೆಯುವ ನಾನೇ ಹೇಳುತ್ತಿದ್ದೇನೆ). ಹೇಳದೆ ಇರುವುದೇ ಸರಿ ಎನಿಸುವ ಒಂದು ಕಥೆಯಾದರೂ ಊರಿನಲ್ಲಿರಲಿ. ಅದನ್ನು ಹೊಟ್ಟೆಯಲ್ಲಿಟ್ಟುಕೊಂಡವಳು ಜೀವಿಗೂ ಕೊಡದೆ, ಊರಿಗೂ ಹೇಳದೆ ಹೇಗೆ ಬದುಕಿದಳು ಎಂಬುದನ್ನು ಓದಲು ನನಗಂತೂ ಆಸೆ.

ಹೆಸರಿನ ವಿಚಾರ. ‘ಕಥಾಭಕ್ಷಕ’ ಎಂಬುದು ಸಮಾಸ ಬಿಡಿಸುವ ಪರೀಕ್ಷೆಗೆ ಇಟ್ಟ ಪದದಂತಿದೆ. ಹೆದರುವ ಜನ ಹೆದರಿಸುವುದರ ಹೆಸರನ್ನು ನೇರವಾಗಿ ಹೇಳುವುದಿಲ್ಲ. ರಾತ್ರಿ ಹಾವು ಎನ್ನದೆ ‘ಹುಳ’ ಎನ್ನುವುದು ನಿಮ್ಮ ಕಡೆಯೂ ಇದೆ. ಸಿಡುಬನ್ನು ‘ಅಮ್ಮ’ ಎಂದರು. ಜೀವಿಯ ಒಂದು ಚರ್ಯೆಯನ್ನು ಹಿಡಿದು ಹೆಸರಿಡಿ. ನಮ್ಮಲ್ಲಿ ಕಥೆ ಕೇಳುವವರು ‘ಹೂಂ’ಗುಟ್ಟಲೇಬೇಕು, ಹೂಂ ನಿಂತರೆ ಮಕ್ಕಳು ನಿದ್ದೆ ಹೋದರೆಂದು ಅಜ್ಜಿ ಕಥೆ ನಿಲ್ಲಿಸುತ್ತಾಳೆ. ಒಂದು ರಾತ್ರಿ ಅಜ್ಜಿ ತಡವಿ ನೋಡುತ್ತಾಳೆ, ಮಕ್ಕಳೆಲ್ಲ ನಿದ್ದೆಯಲ್ಲಿದ್ದಾರೆ. ಕತ್ತಲಿನಿಂದ ‘ಹೂಂ’ ಮಾತ್ರ ಬರುತ್ತಲೇ ಇದೆ. ಆ ಜೀವಿಯನ್ನು ಊರು ಏನೆಂದು ಕರೆದೀತು? ನನಗೆ ‘ಹೂಂಗುಟ್ಟ’ ಎಂದು ತೋಚುತ್ತದೆ. ನಿಮಗೆ ಇದಕ್ಕಿಂತ ಒಳ್ಳೆಯದು ಸಿಗಬಹುದು.

ಕಳ್ಳತನದ ಪ್ರಶ್ನೆಗೆ ಚಿಕ್ಕ ಉತ್ತರ. ಪರಂಪರೆಯಿಂದ ಬಂದ ಜನಪದ ಕಥೆಯ ಎಳೆ ಯಾರೊಬ್ಬರ ಸ್ವತ್ತೂ ಅಲ್ಲ. ಆದರೆ ಅದನ್ನು ಯಾರಾದರೂ ತಮ್ಮ ಮಾತಿನಲ್ಲಿ ಬರೆದು ಅಚ್ಚು ಹಾಕಿಸಿದ್ದರೆ ಆ ಬರವಣಿಗೆಗೆ ಹಕ್ಕಿದೆ. ನಮ್ಮ 1957ರ ಕಾಯ್ದೆಯ ಪ್ರಕಾರ ಲೇಖಕರು ತೀರಿಕೊಂಡ ನಂತರವೂ 60 ವರ್ಷ. ಆದ್ದರಿಂದ ಪುಸ್ತಕದಿಂದ ಸಾಲುಗಳನ್ನು ಎತ್ತಬೇಡಿ, ಅಜ್ಜಿಯಿಂದ ಕೇಳಿದ್ದನ್ನು ನಿಮ್ಮ ಮಾತಿನಲ್ಲಿ ಹೇಳಿ. ಅಜ್ಜಿಯನ್ನು ಒಂದು ಮಾತು ಕೇಳಿ, ಮೊದಲ ಪುಟದಲ್ಲಿ ಅವರ ಹೆಸರು ಹಾಕಿ. ಮನೆಯವರ ಗುಟ್ಟು ಸೇರಿಕೊಂಡ ಕಥೆಯಾದರೆ ಮಾತ್ರ ಎರಡು ಸಲ ಯೋಚಿಸಿ. ಅದು ಕಾನೂನಿನ ಪ್ರಶ್ನೆಯಲ್ಲ, ಹಬ್ಬಕ್ಕೆ ಮನೆಗೆ ಹೋಗಬೇಕೋ ಬೇಡವೋ ಎಂಬ ಪ್ರಶ್ನೆ.

ಕೊನೆಯದಾಗಿ ಮಧ್ಯಾಹ್ನದ ರೆಕಾರ್ಡಿಂಗ್. ಹಗಲು ಕಥೆ ಹೇಳಬಾರದೆಂಬ ಮಾತು ನಿಮ್ಮ ಅಜ್ಜಿಯದೊಂದೇ ಅಲ್ಲ. ಉತ್ತರ ಭಾರತದಲ್ಲಿ ಹಗಲು ಕಥೆ ಹೇಳಿದರೆ ದಾರಿಹೋಕರು ದಾರಿ ತಪ್ಪುತ್ತಾರೆ ಎನ್ನುತ್ತಾರೆ. ಹಗಲು ಗದ್ದೆ, ತೋಟ, ಕೊಟ್ಟಿಗೆಯ ಕೆಲಸದ ಹೊತ್ತು. ಕಥೆಗೆ ಕೂತರೆ ಕೆಲಸ ಕೆಡುತ್ತದೆ. ನಿಮ್ಮ ಕಡೆ ಅಡಿಕೆ ಸುಲಿತದ ರಾತ್ರಿಗಳಲ್ಲಿ ಕೈ ಕೆಲಸ ಮಾಡುತ್ತಿರುವಾಗಲೇ ಬಾಯಿ ಕಥೆ ಹೇಳುತ್ತಿತ್ತು. ಅಜ್ಜಿಯ ಜೊತೆ ವಾದ ಮಾಡಬೇಡಿ, ಕದ್ದು ರೆಕಾರ್ಡ್ ಅಂತೂ ಮಾಡಲೇಬೇಡಿ. ದೀಪ ಹಚ್ಚಿದ ಮೇಲೆ, ಧಾರಾವಾಹಿ ಮುಗಿಸಿ, ಒಂದಿಷ್ಟು ಸುಲಿಯುವ ಬಿಡಿಸುವ ಕೆಲಸ ಮುಂದಿಟ್ಟುಕೊಂಡು ಕೂರಿ. ಮೊಬೈಲನ್ನು ಏರೋಪ್ಲೇನ್ ಮೋಡ್‌ಗೆ ಹಾಕಿ ಮಡಚಿದ ಬಟ್ಟೆಯ ಮೇಲೆ ಇಡಿ, ಫ್ಯಾನ್ ಆರಿಸಿ. ಹೂಂಗುಟ್ಟಲು ಒಂದು ಮಗುವನ್ನು ಜೊತೆಗಿಟ್ಟುಕೊಳ್ಳಿ; ಯಂತ್ರಕ್ಕೆ ಹೇಳಿದ ಕಥೆ ಸಾರಾಂಶವಾಗಿಬಿಡುತ್ತದೆ. ತಪ್ಪಿದರೆ ತಿದ್ದಬೇಡಿ. ನಾಳೆ ಅದೇ ಕಥೆ ಬೇರೆ ಥರ ಬಂದರೆ ಎರಡನ್ನೂ ಇಟ್ಟುಕೊಳ್ಳಿ.

ಕ್ಯಾಸೆಟ್ಟಿನ ಕಾಲದಲ್ಲಿ ಮಲೆನಾಡಿನ ಒಂದು ಮನೆಯಲ್ಲಿ ಹೀಗೇ ಒಬ್ಬ ಅಜ್ಜಿಯಿಂದ ಕಥೆ ಕೇಳುತ್ತಿದ್ದೆ. ಮೊಮ್ಮಕ್ಕಳು ಒಂದೊಂದಾಗಿ ನಿದ್ದೆ ಹೋದವು. ನಾನು ಕ್ಯಾಸೆಟ್ ಮಗುಚಿ ಹಾಕುವುದು, ಟಿಪ್ಪಣಿ ಬರೆಯುವುದು ಎಂದು ಹೂಂಗುಟ್ಟುವುದನ್ನೇ ಮರೆತಿದ್ದೆ. ಅಜ್ಜಿ ಮಾತ್ರ ನಿಲ್ಲಿಸದೆ ಮುಗಿಸಿದರು. ಊರಿಗೆ ಬಂದು ಹೆಡ್‌ಫೋನ್ ಹಾಕಿ ಕೇಳಿದರೆ, ಮಕ್ಕಳ ದನಿ ನಿಂತ ಮೇಲೂ ದೂರದಿಂದ, ಬೇಕಾದ ಕಡೆಯೇ, ಒಂದು ಸಣ್ಣ ‘ಹೂಂ’. ನನ್ನದಲ್ಲ. ಮುಂದಿನ ಸಲ ಹೋದಾಗ ಆ ಜಾಗವನ್ನು ಅಜ್ಜಿಗೆ ಕೇಳಿಸಿದೆ. ಅವರು ನಕ್ಕು ಜಗಲಿಯ ಕಡೆ ಗಲ್ಲ ತೋರಿಸಿದರು. ‘ಅವೆಲ್ಲ ಹೆಂಗಸರ ಕಥೆ, ನಾನೊಂದನ್ನೂ ಕೇಳಿದವನಲ್ಲ’ ಎಂದು ಮೊದಲ ದಿನವೇ ನನಗೆ ಹೇಳಿದ್ದ ಯಜಮಾನರು, ಸುಲಿಯುತ್ತಿದ್ದ ಅಡಿಕೆಯಿಂದ ತಲೆ ಎತ್ತಲಿಲ್ಲ.